ಕಪ್ ಹಿಡಿದ ಫೋಟೋ ಸಾಕು, ಬಸ್‌ಗೆ ಕಾಯೋದನ್ನ ತೆಗೀರಿ

1/10

ಸಕಲೇಶಪುರ, ಆಲೂರು ಕಡೆಯ ಯಾವ ಕಾಲೇಜಿನ ಪೇಜ್ ಬೇಕಾದ್ರೂ ತೆಗೆದು ನೋಡಿ. ಸ್ಪೋರ್ಟ್ಸ್ ಅಂದ್ರೆ ಮೂರೇ ಥರದ ಪೋಸ್ಟ್. ಕಪ್ ಹಿಡ್ಕೊಂಡು ಪ್ರಿನ್ಸಿಪಾಲ್ ಪಕ್ಕ ನಿಂತ ಫೋಟೋ. ಸ್ಲೋ ಮೋಷನ್‌ನಲ್ಲಿ ಸ್ಮ್ಯಾಶ್ ಹೊಡೆಯೋ ರೀಲ್. ಆಮೇಲೆ ಮಂಜರಾಬಾದ್ ಕೋಟೆ ಮೇಲೆ ಡ್ರೋನ್ ಹಾರಿಸಿ, ಟ್ರೆಂಡಿಂಗ್ ಹಾಡು ಹಾಕಿ, ಮಧ್ಯೆ ಎರಡು ಸೆಕೆಂಡ್ ಆಟಗಾರರನ್ನ ತೋರಿಸೋ ಸ್ಪೋರ್ಟ್ಸ್ ಡೇ ವಿಡಿಯೋ.

ನೋಡೋಕೆ ಚೆನ್ನಾಗೇ ಇರುತ್ತೆ. ನಾನೂ ಲೈಕ್ ಮಾಡ್ತೀನಿ. ಆದ್ರೆ ಇವಿಷ್ಟನ್ನ ಮಾತ್ರ ನೋಡಿದವರಿಗೆ ನಮ್ಮ ಟೀಮ್‌ಗಳ ಬಗ್ಗೆ ಏನು ಗೊತ್ತಾಗುತ್ತೆ? ಗೆದ್ರು ಅಂತ ಗೊತ್ತಾಗುತ್ತೆ. ಸೋತ್ರೆ ಅದೂ ಗೊತ್ತಾಗಲ್ಲ, ಯಾಕಂದ್ರೆ ಸೋತ ದಿನ ಯಾರೂ ಪೋಸ್ಟ್ ಹಾಕಲ್ಲ.

ಈ ಹತ್ತು ಪೋಸ್ಟ್‌ಗಳಲ್ಲಿ ನಾನು ಹೇಳ್ಬೇಕು ಅಂತಿರೋದು ಒಂದೇ ಮಾತು. ನಮ್ಮ ಕಾಲೇಜ್ ಟೀಮ್‌ಗಳ ಮೇಲೆ ಸಾವಿರ ಕ್ಲಿಪ್ ಇವೆ, ಒಂದು ಸಾಕ್ಷ್ಯಚಿತ್ರ ಇಲ್ಲ. ಅದನ್ನ ಬೆಂಗಳೂರಿಂದ ಯಾರೋ ಬಂದು ಮಾಡಲ್ಲ, ನಾವೇ ಮಾಡ್ಬೇಕು. ಮಾಡೋವಾಗ ಆಟಕ್ಕಿಂತ ಆಟದ ಸುತ್ತ ಇರೋದನ್ನ ತೆಗೀಬೇಕು.

ಇದನ್ನ ನನಗೆ ಕಲಿಸಿದ್ದು ಕಬಡ್ಡಿ ಸಿನಿಮಾನೂ ಅಲ್ಲ, ಕ್ರಿಕೆಟ್ ಸಿನಿಮಾನೂ ಅಲ್ಲ. ಯೂನಿವರ್ಸಿಟಿ ರೋಯಿಂಗ್ ಟೀಮ್‌ಗಳ ಮೇಲೆ ಬಂದಿರೋ ಸಾಕ್ಷ್ಯಚಿತ್ರಗಳು. ಹೌದು, ರೋಯಿಂಗ್. ದೋಣೀಲಿ ಕೂತು ಹುಟ್ಟು ಹಾಕೋ ಆಟ. ನಗಬೇಡಿ, ಮುಂದಿನ ಪೋಸ್ಟ್ ಓದಿ.

2/10

ಫೋಟೋದಲ್ಲಿರೋದು ನಮ್ಮ ಹೇಮಾವತಿ, ಹೊಳೆಮಲ್ಲೇಶ್ವರದ ಹತ್ತಿರ. ಇಲ್ಲಿ ಯಾರೂ ರೋಯಿಂಗ್ ಮಾಡಲ್ಲ. ಮಳೆಗಾಲದಲ್ಲಿ ಹೊಳೆ ಹತ್ತಿರ ಹೋಗೋಕಾಗಲ್ಲ, ಬೇಸಿಗೇಲಿ ಬಂಡೆ ಕಾಣ್ತಿರುತ್ತೆ. ನಮಗೆ ಗೊತ್ತಿರೋದು ತೆಪ್ಪ, ಹರಿಗೋಲು ಅಷ್ಟೇ.

ಹಂಗಾದ್ರೆ ಈ ಆಟದಿಂದ ನಾವೇನು ಕಲಿಯೋದು?

ರೋಯಿಂಗ್‌ನ ದೊಡ್ಡ ಬೋಟಲ್ಲಿ ಎಂಟು ಜನ ಹುಟ್ಟು ಹಾಕ್ತಾರೆ. ಎಂಟೂ ಜನ ಗುರಿಗೆ ಬೆನ್ನು ಹಾಕಿ ಕೂತಿರ್ತಾರೆ. ಮುಂದೆ ಏನಿದೆ ಅಂತ ನೋಡೋದು ಒಬ್ಬರೇ, ಕಾಕ್ಸ್ ಅಂತ ಕರೀತಾರೆ. ಅವರು ಹುಟ್ಟು ಹಾಕಲ್ಲ. ಕೂತು ದಾರಿ ಹಿಡಿದು, ಲಯ ಕೂಗ್ತಾರೆ. ಒಲಿಂಪಿಕ್ಸ್‌ನಲ್ಲಿ ದೂರ 2000 ಮೀಟರ್. ಎಂಟು ಜನರ ಬೋಟಿಗೆ ಸುಮಾರು ಆರು ನಿಮಿಷ ಬೇಕು.

ಈಗ ಕ್ಯಾಮೆರಾ ಹಿಡಿದವರ ಕಷ್ಟ ಯೋಚನೆ ಮಾಡಿ. ದಡದಿಂದ ನೋಡಿದ್ರೆ ಬೋಟ್ ಒಂದು ಗೆರೆ ಥರ ಕಾಣುತ್ತೆ. ಒಳಗೆ ಇನ್ನೊಬ್ಬರಿಗೆ ಜಾಗ ಇಲ್ಲ. ಗೋಲ್ ಇಲ್ಲ, ಔಟ್ ಇಲ್ಲ, ರೈಡ್ ಇಲ್ಲ. ಆರು ನಿಮಿಷ ಒಂದೇ ಕೆಲಸ, ಮತ್ತೆ ಮತ್ತೆ.

ಅದಕ್ಕೇ ಈ ಆಟದ ಮೇಲೆ ಒಂದು ಗಂಟೆ ಸಿನಿಮಾ ಮಾಡೋರಿಗೆ ರೇಸ್ ಮಾತ್ರ ತೋರಿಸಿ ಪಾರಾಗೋಕೆ ಆಗಲ್ಲ. ಬೆಳಗ್ಗೆ ಐದಕ್ಕೆ ಯಾರು ಎದ್ರು, ಅವರಪ್ಪ ಏನು ಕೆಲಸ ಮಾಡ್ತಿದ್ದ, ಯಾರಿಗೆ ಜ್ವರ ಬಂದಿತ್ತು, ಪ್ರಾಕ್ಟೀಸ್ ಆದ್ಮೇಲೆ ಎಲ್ಲಿ ಸ್ನಾನ ಮಾಡಿದ್ರು, ಇದನ್ನೆಲ್ಲ ಹುಡುಕ್ಕೊಂಡು ಹೋಗ್ಲೇಬೇಕು.

ಕಬಡ್ಡೀಲಿ, ವಾಲಿಬಾಲಲ್ಲಿ ಆಟನೇ ಅಷ್ಟು ಮಜಾ ಇರುತ್ತೆ. ಹಂಗಾಗಿ ನಾವು ಅಲ್ಲೇ ನಿಂತುಬಿಡ್ತೀವಿ. ರೋಯಿಂಗ್ ಸಿನಿಮಾದವರಿಗೆ ಆ ಸುಖ ಇಲ್ಲ. ಅದೇ ಅವರ ಅದೃಷ್ಟ.

3/10

ಮೊದಲ ಉದಾಹರಣೆ, 1936ರ ಬರ್ಲಿನ್ ಒಲಿಂಪಿಕ್ಸ್. ಎಂಟು ಜನರ ರೇಸ್‌ಗೆ ಅಮೆರಿಕದಿಂದ ಹೋದದ್ದು ಒಂದು ಕಾಲೇಜ್ ಟೀಮೇ, ವಾಷಿಂಗ್ಟನ್ ಯೂನಿವರ್ಸಿಟಿ ಹುಡುಗರು. ಅಮೆರಿಕಕ್ಕೆ 6 ನಿಮಿಷ 25.4 ಸೆಕೆಂಡ್, ಇಟಲಿಗೆ 6:26.0, ಜರ್ಮನಿಗೆ 6:26.4. ಮೂರೂ ಬೋಟಿನ ನಡುವೆ ಒಂದೇ ಒಂದು ಸೆಕೆಂಡ್. ಹಿಟ್ಲರ್ ಕಣ್ಣ ಮುಂದೆನೇ ಅಮೆರಿಕ ಗೆದ್ದಿತು.

ಇದೇ ರೇಸ್ ಎರಡು ಥರದ ಸಿನಿಮಾದಲ್ಲಿ ಸಿಗುತ್ತೆ.

ಒಂದು, ಲೆನಿ ರೀಫನ್‌ಸ್ಟಾಲ್ ಮಾಡಿದ 'ಒಲಿಂಪಿಯಾ', 1938ರದು. ನಾಜಿ ಸರ್ಕಾರದ ದುಡ್ಡಲ್ಲಿ ಆದ ಚಿತ್ರ. ಕ್ಯಾಮೆರಾ ಕೆಲಸ ಅಂದ್ರೆ ಕೆಲಸ, ಇವತ್ತಿಗೂ ಸ್ಪೋರ್ಟ್ಸ್ ಶೂಟ್ ಮಾಡೋರು ಅದನ್ನ ನೋಡಿ ಕಲೀತಾರೆ. ಬೋಟಿನೊಳಗಿನ ಹತ್ತಿರದ ಶಾಟ್‌ಗಳನ್ನ ರೇಸ್ ನಡೆಯೋವಾಗ ತೆಗೆಯೋಕೆ ಆಗಲ್ಲ ಅಂತ ಬೇರೆ ಹೊತ್ತಲ್ಲಿ ಬೋಟಲ್ಲಿ ಕ್ಯಾಮೆರಾ ಇಟ್ಟು ತೆಗೆದು ಸೇರಿಸಿದ್ರು. ಮೈಕಟ್ಟು, ಬೆವರು, ನೀರು, ಎಲ್ಲ ಸುಂದರ. ಆದ್ರೆ ಅದರಲ್ಲಿ ಮನುಷ್ಯರಿಗೆ ಹೆಸರಿದೆ, ಕಥೆ ಇಲ್ಲ.

ಇನ್ನೊಂದು, 2016ರಲ್ಲಿ ಅಮೆರಿಕದ ಪಿಬಿಎಸ್ ಚಾನೆಲ್‌ನಲ್ಲಿ ಬಂದ 'ದಿ ಬಾಯ್ಸ್ ಆಫ್ 36'. ಡೇನಿಯಲ್ ಜೇಮ್ಸ್ ಬ್ರೌನ್ ಬರೆದ ಪುಸ್ತಕದಿಂದ ಹುಟ್ಟಿದ್ದು. ಇಲ್ಲಿ ಅದೇ ಹುಡುಗರು ಯಾರು ಅಂತ ಗೊತ್ತಾಗುತ್ತೆ. ಮರ ಕಡಿಯೋರ ಮನೆಯವರು, ರೈತರ ಮಕ್ಕಳು. ಜೋ ರ‍್ಯಾಂಟ್ಜ್ ಅನ್ನೋ ಹುಡುಗನನ್ನ ಮನೆಯವರು ಬಿಟ್ಟು ಹೋಗಿದ್ರು. ಓದೋಕೆ ದುಡ್ಡು ಬೇಕು ಅಂತ ರಜೇಲಿ ಗ್ರ್ಯಾಂಡ್ ಕೂಲಿ ಅಣೆಕಟ್ಟಲ್ಲಿ ಬಂಡೆ ಕೊರೆಯೋ ಕೆಲಸ ಮಾಡಿದ್ದ. ಲಯ ಹಿಡಿಯೋ ಡಾನ್ ಹ್ಯೂಮ್‌ಗೆ ಫೈನಲ್ ದಿನ ಹುಷಾರಿರಲಿಲ್ಲ.

ಒಂದೇ ಸೆಕೆಂಡಲ್ಲಿ ಗೆದ್ರು ಅನ್ನೋದು ಎರಡೂ ಸಿನಿಮಾದಲ್ಲಿದೆ. ಆ ಸೆಕೆಂಡಿನ ಬೆಲೆ ಎಷ್ಟು ಅನ್ನೋದು ಎರಡನೇದರಲ್ಲಿ ಮಾತ್ರ ಇದೆ.

ನಮ್ಮ ಸ್ಪೋರ್ಟ್ಸ್ ಡೇ ವಿಡಿಯೋಗಳು ಯಾವ ಕಡೆ ಬರ್ತವೆ, ನೀವೇ ಹೇಳಿ.

4/10

ಈಗ ನನಗೆ ತುಂಬ ಮುಖ್ಯ ಅನ್ಸಿದ ಸಿನಿಮಾ. ಹೆಸರು 'ಎ ಹೀರೋ ಫಾರ್ ಡೇಸಿ', 1999. ಮಾಡಿದವರು ಮೇರಿ ಮಾಜಿಯೊ. ಇವರು ಲಾಯರ್, 1992ರ ಬಾರ್ಸಿಲೋನಾ ಒಲಿಂಪಿಕ್ಸ್‌ನಲ್ಲಿ ಸ್ವತಃ ರೋಯಿಂಗ್ ಮಾಡಿದವರು. ಡೇಸಿ ಅವರ ಮಗಳು.

ಕಥೆ ಅಮೆರಿಕದ ಯೇಲ್ ಯೂನಿವರ್ಸಿಟೀದು. ಅಲ್ಲಿ ಪದವಿ ಓದೋಕೆ ಹುಡುಗೀರನ್ನ ತಗೊಳ್ಳೋಕೆ ಶುರು ಮಾಡಿದ್ದೇ 1969ರಲ್ಲಿ. ಕೆಲವೇ ವರ್ಷದಲ್ಲಿ ಹುಡುಗೀರ ರೋಯಿಂಗ್ ಟೀಮ್ ಆಯ್ತು. ಬೋಟ್ ಇಡೋ ಮನೆ ಊರಿಂದ ದೂರ, ಡರ್ಬಿ ಅನ್ನೋ ಕಡೆ. ದಿನಾ ಬಸ್ಸಲ್ಲಿ ಹೋಗಿ ಬರ್ಬೇಕು. ಪ್ರಾಕ್ಟೀಸ್ ಆದ್ಮೇಲೆ ಹುಡುಗರಿಗೆ ಬಿಸಿನೀರಿನ ಸ್ನಾನ, ಬಟ್ಟೆ ಬದಲಾಯಿಸೋ ರೂಮು. ಹುಡುಗೀರಿಗೆ ಅದ್ಯಾವುದೂ ಇಲ್ಲ. ಬೆವರು, ಹೊಳೆ ನೀರಲ್ಲಿ ನೆಂದ ಬಟ್ಟೇಲಿ ಚಳಿಗಾಲದಲ್ಲಿ ಬಸ್ಸೊಳಗೆ ಕೂತು, ಹುಡುಗರ ಸ್ನಾನ ಮುಗಿಯೋ ತನಕ ಕಾಯ್ಬೇಕು. ಕೇಳಿ ಕೇಳಿ ಸಾಕಾಯ್ತು. ಹುಷಾರು ತಪ್ಪಿದವರೂ ಇದ್ರು.

1972ರಲ್ಲೇ ಅಲ್ಲಿ ಟೈಟಲ್ ನೈನ್ ಅಂತ ಕಾನೂನು ಬಂದಿತ್ತು. ಸರ್ಕಾರದ ದುಡ್ಡು ತಗೊಳ್ಳೋ ಶಿಕ್ಷಣ ಸಂಸ್ಥೇಲಿ ಹೆಣ್ಣು ಗಂಡು ಅಂತ ಭೇದ ಮಾಡೋ ಹಾಗಿಲ್ಲ ಅನ್ನೋದು ಅದರ ಸಾರ. ಕಾನೂನು ಕಾಗದದಲ್ಲಿತ್ತು, ನಲ್ಲೀಲಿ ಬಿಸಿನೀರು ಇರಲಿಲ್ಲ.

1976ರ ಮಾರ್ಚ್ 3. ಹತ್ತೊಂಬತ್ತು ಹುಡುಗೀರು ಯೂನಿವರ್ಸಿಟಿಯ ಕ್ರೀಡಾ ಅಧಿಕಾರಿಯ ಆಫೀಸಿಗೆ ಹೋದ್ರು. ಅಲ್ಲಿ ಬಟ್ಟೆ ತೆಗೆದು ನಿಂತ್ರು. ಮೈಮೇಲೆ ಟೈಟಲ್ ನೈನ್ ಅಂತ ಬರೆದುಕೊಂಡಿದ್ರು. ಕ್ಯಾಪ್ಟನ್ ಕ್ರಿಸ್ ಅರ್ನ್ಸ್ಟ್ ಒಂದು ಹೇಳಿಕೆ ಓದಿದ್ರು. ನೀವು ದುಡಿಸಿಕೊಳ್ತಿರೋ ದೇಹಗಳು ಇವೇ, ನೋಡಿ, ಅನ್ನೋ ಅರ್ಥದ್ದು.

ಮಾರನೇ ದಿನ ನ್ಯೂಯಾರ್ಕ್ ಟೈಮ್ಸ್‌ನಲ್ಲಿ ಸುದ್ದಿ. ಆಮೇಲೆ ಸ್ನಾನದ ಮನೇನೂ ಬಂತು.

5/10

ಇದನ್ನ ಓದಿ, ನಾವೂ ಹಂಗೇ ಮಾಡ್ಬೇಕು ಅಂತ ಹೇಳ್ತಿದ್ದೀನಿ ಅಂದ್ಕೋಬೇಡಿ. ನಮ್ಮೂರಲ್ಲಿ ಅದರ ಪರಿಣಾಮ ಏನಾಗುತ್ತೆ ಅಂತ ನಿಮಗೂ ಗೊತ್ತು, ನನಗೂ ಗೊತ್ತು. ನಾನು ಗಮನಿಸಿದ್ದು ಬೇರೆ.

ಆ ದಿನ ಆ ರೂಮಲ್ಲಿ ಇನ್ನಿಬ್ಬರಿದ್ರು. ಒಬ್ಬ ವಿದ್ಯಾರ್ಥಿ ವರದಿಗಾರ, ದೊಡ್ಡ ಪತ್ರಿಕೆಗೆ ಸುದ್ದಿ ಕಳಿಸ್ತಿದ್ದವನು. ಇನ್ನೊಬ್ಬರು ವಿದ್ಯಾರ್ಥಿಗಳೇ ನಡೆಸೋ ಪತ್ರಿಕೆಯ ಫೋಟೋಗ್ರಾಫರ್. ಇಬ್ಬರೂ ನಮ್ಮ ವಯಸ್ಸಿನವರು. ಅವರನ್ನ ಹುಡುಗೀರೇ ಕರ್ಕೊಂಡು ಹೋಗಿದ್ರು. ಯಾಕೆ? ದಾಖಲೆ ಇಲ್ಲದೆ ಹೋದ್ರೆ ಇದು ಒಂದು ರೂಮಿನ ಗಲಾಟೆ ಆಗಿ ಮುಗಿದುಹೋಗುತ್ತೆ ಅಂತ ಅವರಿಗೆ ಗೊತ್ತಿತ್ತು.

ಇಪ್ಪತ್ಮೂರು ವರ್ಷ ಆದ್ಮೇಲೆ ಮಾಜಿಯೊ ಆ ಹುಡುಗೀರನ್ನ ಹುಡುಕಿ ಮಾತಾಡಿಸಿದ್ರು. ಅರ್ನ್ಸ್ಟ್ ಒಲಿಂಪಿಕ್ಸ್‌ಗೆ ಹೋಗಿದ್ದವರು, ವರ್ಲ್ಡ್ ಚಾಂಪಿಯನ್ ಕೂಡ ಆಗಿದ್ದವರು. ಆಮೇಲೆ ಪ್ಲಂಬರ್ ಕೆಲಸ ಹಿಡಿದಿದ್ರು. ಸ್ನಾನದ ಮನೆಗೋಸ್ಕರ ಜಗಳ ಆಡಿದವರು ಪೈಪ್ ಜೋಡಿಸೋ ಕೆಲಸಕ್ಕೆ ಹೋದ್ರು. ಇಂಥದ್ದನ್ನ ಯಾವ ಕಪ್ ಫೋಟೋ ಹೇಳುತ್ತೆ?

ಮಾಜಿಯೊ 2020ರಲ್ಲಿ ಇನ್ನೊಂದು ಮಾಡಿದ್ರು, 'ಎ ಮೋಸ್ಟ್ ಬ್ಯೂಟಿಫುಲ್ ಥಿಂಗ್'. ಶಿಕಾಗೋದ ಬಡ ಏರಿಯಾದ ಮ್ಯಾನ್ಲಿ ಹೈಸ್ಕೂಲಿನ ಕಪ್ಪು ಹುಡುಗರ ರೋಯಿಂಗ್ ಟೀಮ್ ಕಥೆ. ಅದರಲ್ಲೂ ಬೋಟಿಗಿಂತ ಹೆಚ್ಚು ಅವರ ಬೀದಿ, ಅವರ ಅಮ್ಮಂದಿರು.

ಇನ್ನೊಂದು ಲೆಕ್ಕ ಕೇಳಿ. ಆಕ್ಸ್‌ಫರ್ಡ್, ಕೇಂಬ್ರಿಡ್ಜ್ ಹುಡುಗರ ಬೋಟ್ ರೇಸ್ ಮೊದಲು ನಡೆದಿದ್ದು 1829ರಲ್ಲಿ. ಹುಡುಗೀರದ್ದು 1927ರಲ್ಲಿ. ಹುಡುಗರ ರೇಸ್ ನಡೆಯೋ ದಿನವೇ, ಲಂಡನ್ನಿನ ಥೇಮ್ಸ್‌ನ ಅದೇ ದಾರೀಲಿ ಹುಡುಗೀರು ರೇಸ್ ಮಾಡಿದ್ದು, ಬಿಬಿಸೀಲಿ ನೇರ ಬಂದಿದ್ದು 2015ರಲ್ಲಿ. 1927ರಿಂದ 88 ವರ್ಷ. ಅಷ್ಟೂ ವರ್ಷ ಹುಟ್ಟು ಹಾಕಿದವರಿದ್ರು, ಕ್ಯಾಮೆರಾ ಅವರ ಕಡೆ ತಿರುಗಿರಲಿಲ್ಲ.

6/10

ಸರಿ, ನಮ್ಮ ಬೆಟ್ಟಕ್ಕೆ ಬನ್ನಿ.

ನಾನು ಟೀಮಲ್ಲಿ ಇಲ್ಲ. ಗ್ರೌಂಡ್ ಅಂಚಲ್ಲಿ ನಿಂತು ಫೋಟೋ ತೆಗೆಯೋಳು. ನನಗೆ ಚೆನ್ನಾಗಿ ಗೊತ್ತಿರೋ ಒಂದು ಕಾಲೇಜಿದೆ. ಹೆಸರು ಬೇಡ, ಯಾಕಂದ್ರೆ ಹೆಸರು ಬದಲಾಯಿಸಿದ್ರೂ ಕಥೆ ಬದಲಾಗಲ್ಲ.

ಅಲ್ಲಿ ಹುಡುಗೀರ ವಾಲಿಬಾಲ್ ಟೀಮ್ ಇದೆ. ಕೊನೇ ಕ್ಲಾಸ್ ಮುಗಿಯೋದು ನಾಲ್ಕಕ್ಕೆ. ಬಟ್ಟೆ ಬದಲಾಯಿಸೋಕೆ ರೂಮ್ ಇಲ್ಲ. ಒಂದು ಖಾಲಿ ಕ್ಲಾಸ್‌ರೂಮಿನ ಕಿಟಕಿಗೆ ದುಪಟ್ಟಾ ಕಟ್ಟಿ, ಒಬ್ಬಳು ಬಾಗಿಲ ಹತ್ತಿರ ಕಾವಲು ನಿಂತು, ಸರದಿ ಮೇಲೆ ಬದಲಾಯಿಸ್ತಾರೆ. ಗ್ರೌಂಡಿಗೆ ಬರೋ ಹೊತ್ತಿಗೆ ನಾಲ್ಕೂಕಾಲು. ಐದು ಗಂಟೆಗೆ ಬಸ್. ಅದು ತಪ್ಪಿದ್ರೆ ಹೆತ್ತೂರು ಕಡೆಯವಳು, ಯಸಳೂರು ಕಡೆಯವಳು ಮನೆ ಸೇರೋದು ಹೇಗೆ? ಬಸ್ ಸ್ಟ್ಯಾಂಡಿಗೆ ನಡೆಯೋ ಹತ್ತು ನಿಮಿಷ, ಮತ್ತೆ ಬಟ್ಟೆ ಬದಲಾಯಿಸೋ ಹೊತ್ತು ಕಳೀರಿ. ಉಳಿಯೋದು ಅರ್ಧ ಗಂಟೆ.

2023ರ ಜೂನ್‌ನಿಂದ ಶಕ್ತಿ ಯೋಜನೇಲಿ ನಮಗೆ ಟಿಕೆಟ್ ಫ್ರೀ. ನಿಜಕ್ಕೂ ಒಳ್ಳೇದಾಗಿದೆ, ಅದರಿಂದಲೇ ಕಾಲೇಜಿಗೆ ಬರ್ತಿರೋರು ಇದ್ದಾರೆ. ಆದ್ರೆ ಆರೂವರೆಗೆ ಬಸ್ಸೇ ಇಲ್ಲದಿದ್ರೆ ಫ್ರೀ ಟಿಕೆಟ್ ಇಟ್ಕೊಂಡು ಏನ್ಮಾಡೋದು?

ಬಸ್ ಇಳಿದ ಮೇಲೂ ಕಥೆ ಮುಗಿಯಲ್ಲ. ತೋಟದ ದಾರೀಲಿ ಒಂದೆರಡು ಕಿಲೋಮೀಟರ್ ನಡೀಬೇಕು. ಕತ್ತಲಾದ್ರೆ ಆನೆ. ನಮ್ಮ ಸಕಲೇಶಪುರ, ಆಲೂರು ತಾಲೂಕಲ್ಲಿ ಇದು ತಮಾಷೆ ಮಾತಲ್ಲ, ಪ್ರಾಣ ಹೋಗಿರೋ ವಿಷಯ. ಆನೆ ಯಾವ ತೋಟದಲ್ಲಿದೆ ಅಂತ ಮೊಬೈಲಿಗೆ ಮೆಸೇಜ್ ಬರುತ್ತೆ. ಕೆಲವು ದಿನ ಆ ಮೆಸೇಜ್ ನೋಡಿದ ತಕ್ಷಣ ಅಮ್ಮ ಫೋನ್ ಮಾಡ್ತಾರೆ, ಮಗಳು ಪ್ರಾಕ್ಟೀಸ್ ಬಿಟ್ಟು ಹೊರಡ್ತಾಳೆ.

ಕಾಫಿ ಹಣ್ಣಿನ ಕಾಲದಲ್ಲಿ, ಡಿಸೆಂಬರ್, ಜನವರೀಲಿ ಇನ್ನೂ ಕಷ್ಟ. ಲೈನ್ ಮನೇಲಿರೋ ಹುಡುಗೀರು ಭಾನುವಾರ ಹಣ್ಣು ಬಿಡಿಸೋಕೆ ಹೋಗ್ತಾರೆ. ಭಾನುವಾರದ ಪ್ರಾಕ್ಟೀಸೂ ಹೋಯ್ತು.

ಯೇಲ್ ಹುಡುಗೀರು ಬಸ್ಸಲ್ಲಿ ಕೂತು ಕಾದ್ರು. ನಮ್ಮವರು ಬಸ್‌ಗೋಸ್ಕರ ಆಟ ಬಿಡ್ತಾರೆ.

7/10

ಬಿಕಾಂ ಓದ್ತಿರೋದಕ್ಕೆ ಲೆಕ್ಕ ಹಾಕದೆ ಇರೋಕಾಗಲ್ಲ.

ದಿನಕ್ಕೆ ಅರ್ಧ ಗಂಟೆ ಪ್ರಾಕ್ಟೀಸ್, ವಾರಕ್ಕೆ ಐದು ದಿನ. ಎರಡೂವರೆ ಗಂಟೆ. ಹಾಸ್ಟೆಲ್ ಇರೋ, ಲೈಟ್ ಇರೋ ಗ್ರೌಂಡಿನ ಸಿಟಿ ಕಾಲೇಜಲ್ಲಿ ದಿನಕ್ಕೆ ಎರಡು ಗಂಟೆ ಅಂತ ಇಟ್ಕೊಳ್ಳಿ. ವಾರಕ್ಕೆ ಹತ್ತು ಗಂಟೆ. ಇಪ್ಪತ್ತು ವಾರಕ್ಕೆ ನಮ್ಮವರದು 50 ಗಂಟೆ, ಅವರದು 200. ಆಮೇಲೆ ಎರಡೂ ಟೀಮ್ ಒಂದೇ ಕೋರ್ಟಲ್ಲಿ ಎದುರುಬದುರು ನಿಲ್ತವೆ. ನಮ್ಮವರು ಸೋಲ್ತಾರೆ. "ನಮ್ಮ ಹುಡುಗೀರಲ್ಲಿ ಸ್ಟ್ಯಾಮಿನಾ ಇಲ್ಲ" ಅಂತ ಯಾರೋ ಹೇಳ್ತಾರೆ.

ಸ್ಟ್ಯಾಮಿನಾ ಇಲ್ಲದವಳು ಬೆಳಗ್ಗೆ ಎದ್ದು ತೋಟದ ದಾರಿ ಹತ್ತಿಳಿದು ಕಾಲೇಜಿಗೆ ಬರ್ತಾಳಾ? ಇಲ್ಲದೆ ಇರೋದು 150 ಗಂಟೆ.

ನಮ್ಮ ಫೀಸ್ ರಸೀದಿ ತೆಗೆದು ನೋಡಿ. ಕ್ರೀಡಾ ಶುಲ್ಕ ಅಂತ ಒಂದು ಸಾಲು ಇರುತ್ತೆ. ಆ ದುಡ್ಡಲ್ಲಿ ಬಾಲ್, ನೆಟ್, ಜರ್ಸಿ, ಟೂರ್ನಮೆಂಟ್ ಎಂಟ್ರಿ ಬರಬಹುದು. ಅವು ಲೆಕ್ಕದ ಪುಸ್ತಕದಲ್ಲಿ ಕಾಣೋ ಖರ್ಚು. ಬಿಟ್ಟ ಪ್ರಾಕ್ಟೀಸ್, ಬಿಟ್ಟ ಭಾನುವಾರದ ಕೂಲಿ, ಅಮ್ಮನ ಭಯ, ಇವು ಯಾವ ಪುಸ್ತಕದಲ್ಲೂ ಇಲ್ಲ. ಕಾಸ್ಟ್ ಅಕೌಂಟಿಂಗ್ ಕ್ಲಾಸಲ್ಲಿ ಆಪರ್ಚುನಿಟಿ ಕಾಸ್ಟ್ ಅಂತ ಓದ್ತೀವಲ್ಲ, ಅದು ಇದೇ. ನಗದು ಪುಸ್ತಕದಲ್ಲಿ ಎಂಟ್ರಿ ಇಲ್ಲದ ಖರ್ಚು.

ಸಾಕ್ಷ್ಯಚಿತ್ರ ನನ್ನ ಪ್ರಕಾರ ಆ ಖರ್ಚಿಗೆ ಬರೆಯೋ ವೋಚರ್. ಬಾಯಲ್ಲಿ ಹೇಳಿದ್ರೆ "ಎಲ್ಲಾ ಕಡೆ ಇದ್ದದ್ದೇ" ಅಂತಾರೆ. ಸೋಮವಾರದಿಂದ ಶುಕ್ರವಾರದ ತನಕ ಗಡಿಯಾರದ ಸಮೇತ ತೋರಿಸಿದ್ರೆ ಹಂಗೆ ಹೇಳೋದು ಕಷ್ಟ.

ಇನ್ನೊಂದು ವಿಷಯ. 2023ರಲ್ಲಿ ಹೇಮಗಂಗೋತ್ರಿ ಹಾಸನ ವಿಶ್ವವಿದ್ಯಾಲಯ ಆಯ್ತು. ಅಲ್ಲೀತನಕ ನಮ್ಮ ಸೀನಿಯರ್‌ಗಳು ಮೈಸೂರು ಯೂನಿವರ್ಸಿಟಿ ಹೆಸರಲ್ಲಿ ಆಡಬೇಕಿತ್ತು. ಆ ಕಾಲದ ಸೆಲೆಕ್ಷನ್ ಹೇಗಿತ್ತು, ಮೈಸೂರಿಗೆ ಹೋಗಿ ಬರೋದು ಹೇಗಿತ್ತು, ಯಾರಾದ್ರೂ ಶೂಟ್ ಮಾಡಿಟ್ಟಿದ್ದಾರಾ? ಇದ್ರೆ ದಯವಿಟ್ಟು ಹೇಳಿ.

8/10

"ರೀಲ್ ಹಾಕಿದ್ರೆ ಲಕ್ಷ ಜನ ನೋಡ್ತಾರೆ, ಸಾಕ್ಷ್ಯಚಿತ್ರ ಯಾರು ನೋಡ್ತಾರೆ?" ಅಂತ ನೀವು ಕೇಳ್ತೀರಿ. ನ್ಯಾಯವಾದ ಪ್ರಶ್ನೆ.

2020ರ ಫೆಬ್ರವರಿ ನೆನಪಿದೆಯಾ? ಐಕಳದ ಕಂಬಳದಲ್ಲಿ ಶ್ರೀನಿವಾಸ ಗೌಡರು ಕೋಣಗಳ ಜೊತೆ 142.5 ಮೀಟರ್‌ನ 13.62 ಸೆಕೆಂಡಲ್ಲಿ ಓಡಿದ್ರು. ಯಾರೋ ಅದನ್ನ 100 ಮೀಟರ್‌ಗೆ ಇಳಿಸಿ 9.55 ಅಂತ ಲೆಕ್ಕ ಹಾಕಿದ್ರು. ಬೋಲ್ಟ್‌ಗಿಂತ ಫಾಸ್ಟ್ ಅಂತ ದೇಶ ಪೂರ್ತಿ ಓಡ್ತು ಆ ಕ್ಲಿಪ್. ಕೇಂದ್ರ ಕ್ರೀಡಾ ಸಚಿವರೇ ಟ್ರಯಲ್ಸ್‌ಗೆ ಕರೆದ್ರು. ಗೌಡರು ಒಪ್ಪಲಿಲ್ಲ. ಕಂಬಳ ಬೇರೆ, ಟ್ರ್ಯಾಕ್ ಬೇರೆ ಅನ್ನೋದು ಓಡೋರಿಗೆ ಗೊತ್ತಿತ್ತು, ಕ್ಲಿಪ್ ನೋಡಿದ ನಮಗೆ ಗೊತ್ತಿರಲಿಲ್ಲ.

ಎಷ್ಟು ಕೋಟಿ ಕಣ್ಣು ನೋಡಿದವೋ. ಅದರಿಂದ ಕಂಬಳದ ಕೆರೆ, ಆ ಓಟದ ತಾಲೀಮು, ಕಟ್ಟಡ ಕೆಲಸ ಮಾಡ್ಕೊಂಡು ಓಡೋ ಒಬ್ಬ ಮನುಷ್ಯನ ದಿನ ಹೇಗಿರುತ್ತೆ, ಇದರಲ್ಲಿ ನಮಗೆ ಎಷ್ಟು ಅರ್ಥ ಆಯ್ತು?

ಕ್ಲಿಪ್ ಬೆರಗು ಹುಟ್ಟಿಸುತ್ತೆ, ಅಷ್ಟಕ್ಕೆ ನಿಲ್ಲುತ್ತೆ. ನಮ್ಮ ಟೀಮ್‌ಗೆ ಲಕ್ಷ ಜನ ಬೇಕಾಗಿಲ್ಲ. ಬಸ್ ಟೈಮ್ ಬದಲಾಯಿಸೋಕೆ ಡಿಪೋ ಮ್ಯಾನೇಜರ್ ಒಬ್ಬರು ನೋಡಿದ್ರೆ ಸಾಕು. ರೂಮ್ ಕೊಡೋಕೆ ಪ್ರಿನ್ಸಿಪಾಲ್ ಒಬ್ಬರು. ಮಗಳನ್ನ ಆಡೋಕೆ ಬಿಡೋಕೆ ಅಪ್ಪ ಅಮ್ಮ. ಹೆಚ್ಚಂದ್ರೆ ಐವತ್ತು ಜನ. ಐವತ್ತು ಜನರನ್ನ ಒಂದು ಕ್ಲಾಸ್‌ರೂಮಲ್ಲಿ ಕೂರಿಸಿ ಪ್ರೊಜೆಕ್ಟರ್ ಹಾಕಿ ತೋರಿಸಬಹುದು. ಅಲ್ಗಾರಿದಮ್‌ನ ಕೇಳೋದೇ ಬೇಡ.

ರೋಯಿಂಗಲ್ಲೇ ನಮ್ಮ ದೇಶದ ಒಂದು ಹೆಸರು ಹೇಳ್ತೀನಿ, ದತ್ತು ಭೋಕನಾಳ್. ನಾಸಿಕ್ ಜಿಲ್ಲೆಯ ಬರ ಬೀಳೋ ಹಳ್ಳಿಯವರು, ಬಾವಿ ತೋಡೋ ಕೆಲಸ ಮಾಡಿದವರು. ಸೇನೆ ಸೇರಿದ ಮೇಲೆ ರೋಯಿಂಗ್ ಕಲಿತು 2016ರಲ್ಲಿ ರಿಯೊ ಒಲಿಂಪಿಕ್ಸ್‌ಗೆ ಹೋದ್ರು, 2018ರ ಏಷ್ಯನ್ ಗೇಮ್ಸ್‌ನಲ್ಲಿ ನಾಲ್ವರ ಬೋಟಲ್ಲಿ ಚಿನ್ನ ಗೆದ್ರು. ಪದಕದ ಫೋಟೋದಲ್ಲಿ ಬಾವಿ ಕಾಣಲ್ಲ. ಯಾರಾದ್ರೂ ಹೋಗಿ ತೆಗೀಬೇಕು.

9/10

ಇನ್ನು ಬರೋ ಆಕ್ಷೇಪಣೆಗಳು.

"ಕಾಲೇಜಿಗೆ ಕೆಟ್ಟ ಹೆಸರು ಬರುತ್ತೆ." ಇದು ಮೊದಲು ಬರೋ ಮಾತು. ಕಾಲೇಜನ್ನ ಬಯ್ಯೋಕೆ ಅಂತ ಶೂಟ್ ಮಾಡಿದ್ರೆ ಆ ಮಾತು ಸರಿ. ಆದ್ರೆ ಬಸ್ ಕಾಲೇಜಿಂದು ಅಲ್ಲ, ಆನೆ ಕಾಲೇಜಿಂದು ಅಲ್ಲ. ಪಿಇ ಸರ್ ಹತ್ರ ಕೂತು ಮಾತಾಡಿ ನೋಡಿ, ನಿಮಗಿಂತ ಜಾಸ್ತಿ ಕಷ್ಟ ಅವರಿಗೆ ಗೊತ್ತಿರುತ್ತೆ. ಎಲ್ಲಾ ಆಟಕ್ಕೂ ಅವರೊಬ್ಬರೇ. ಅವರ ಕಥೇನೂ ಸಿನಿಮಾದಲ್ಲಿ ಬರಲಿ. ಮೊದಲ ದಿನವೇ ಪ್ರಿನ್ಸಿಪಾಲ್‌ಗೆ ಲೆಟರ್ ಬರೆದು ಅನುಮತಿ ತಗೊಳ್ಳಿ. ಕದ್ದು ತೆಗೆದ ವಿಡಿಯೋ ಕಂಪ್ಲೇಂಟ್ ಆಗುತ್ತೆ, ಕೇಳಿ ತೆಗೆದದ್ದು ದಾಖಲೆ ಆಗುತ್ತೆ.

"ಹುಡುಗೀರ ವಿಡಿಯೋ ಯಾಕೆ ಬೇಕು?" ಇದನ್ನ ಹುಡುಗರು ಕೇಳಿದ್ರೆ ನನಗೆ ಸಿಟ್ಟು ಬರುತ್ತೆ, ಅಮ್ಮಂದಿರು ಕೇಳಿದ್ರೆ ಅರ್ಥ ಆಗುತ್ತೆ. ಇವತ್ತು ಒಂದು ಫೋಟೋ ಎಲ್ಲಿಂದ ಎಲ್ಲಿಗೆ ಹೋಗುತ್ತೆ ಅಂತ ಯಾರಿಗೂ ಗೊತ್ತಿಲ್ಲ. ಅದಕ್ಕೆ ನಿಯಮ ಇರಲೇಬೇಕು. ಬೇಡ ಅಂದವಳ ಮುಖ ಬೇಡ. ದನಿ ಸಾಕು, ಕೈ ಸಾಕು, ಶೂ ಲೇಸ್ ಕಟ್ಟೋ ಬೆರಳು ಸಾಕು. ಬಟ್ಟೆ ಬದಲಾಯಿಸೋಕೆ ಜಾಗ ಇಲ್ಲ ಅಂತ ತೋರಿಸೋಕೆ ಕಿಟಕಿಗೆ ಕಟ್ಟಿದ ದುಪಟ್ಟಾ ಮತ್ತು ಖಾಲಿ ರೂಮ್ ಸಾಕು. ಒಳಗಿರೋರನ್ನ ತೋರಿಸೋ ಅಗತ್ಯ ಯಾವತ್ತೂ ಇಲ್ಲ.

"ಬಡತನ ತೋರಿಸಿ ಕಣ್ಣೀರು ಹಾಕಿಸ್ತೀರಾ?" ಇದು ಗಟ್ಟಿ ಆಕ್ಷೇಪಣೆ. ನನಗೂ ಆ ಥರದ ವಿಡಿಯೋ ಆಗಲ್ಲ. ಪಿಟೀಲು ಮ್ಯೂಸಿಕ್, ಲೈನ್ ಮನೆ, ಅಳೋ ಅಜ್ಜಿ, ಎಂಡ್. ಯೇಲ್ ಸಿನಿಮಾದಲ್ಲಿ ಹುಡುಗೀರು ಪಾಪ ಅನ್ನಿಸಲ್ಲ, ಅವರ ಮಾತಿನ ಗತ್ತೇ ಬೇರೆ. ನಮ್ಮವರೂ ಹಂಗೇ. ಬಸ್ಸಲ್ಲಿ ಅವರು ಹೊಡೆಯೋ ಜೋಕು, ಸೋತ ಮೇಲೆ ರೆಫರಿಗೆ ಬಯ್ಯೋ ಬೈಗುಳ, ಆ ಕಾರದಪುಡಿ ಹಾಕಿದ ಮಾವಿನಕಾಯಿ, ಎಲ್ಲ ಇರಲಿ. ಕಷ್ಟ ಇದೆ ಅಂತ ನಗು ಕಟ್ ಮಾಡಿದ್ರೆ ಅದೂ ಸುಳ್ಳೇ.

10/10

ಕೊನೇ ಪೋಸ್ಟ್. ಸೇವ್ ಮಾಡ್ಕೊಳ್ಳಿ, ಇದರಲ್ಲಿ ಕೆಲಸದ ವಿಷಯ ಇದೆ.

ಒಂದು ಟೀಮ್ ಆರಿಸಿ. ಗೆಲ್ಲೋ ಟೀಮೇ ಆಗ್ಬೇಕು ಅಂತಿಲ್ಲ.

ಒಂದು ವಾರ ಕ್ಯಾಮೆರಾ ತೆಗೀಬೇಡಿ. ಸುಮ್ನೆ ಜೊತೇಲಿ ಇರಿ. ಒಂದು ದಿನ ಅವರ ಬಸ್ಸಲ್ಲೇ ಅವರ ಊರಿನ ತನಕ ಹೋಗಿ ಬನ್ನಿ. ಕತ್ತಲಿಗೆ ಮುಂಚೆ ವಾಪಸ್ ಬರೋ ವ್ಯವಸ್ಥೆ ಇಟ್ಕೊಂಡು ಹೋಗಿ, ಇಲ್ಲಾಂದ್ರೆ ಅಲ್ಲೇ ಉಳ್ಕೊಳ್ಳಿ.

ಫೋನ್ ಸಾಕು. ಅಡ್ಡ ಹಿಡೀರಿ. ಚಿತ್ರಕ್ಕಿಂತ ಸೌಂಡ್ ಮುಖ್ಯ. ನಮ್ಮ ಮಳೇಲಿ ಶೀಟಿನ ಮನೆ ಕೆಳಗೆ ಇಂಟರ್‌ವ್ಯೂ ಮಾಡಿದ್ರೆ ಒಂದು ಮಾತೂ ಕೇಳಲ್ಲ, ಆದ್ರಿಂದ ಇನ್ನೊಂದು ಫೋನನ್ನ ಮಾತಾಡೋರ ಹತ್ತಿರ ಇಟ್ಟು ದನಿ ರೆಕಾರ್ಡ್ ಮಾಡಿ.

"ನಿಮಗೆ ಹೇಗನ್ಸುತ್ತೆ?" ಅಂತ ಕೇಳ್ಬೇಡಿ. "ನಿನ್ನೆ ಎಷ್ಟೊತ್ತಿಗೆ ಮನೆ ಸೇರಿದೆ? ಜೊತೇಲಿ ಯಾರಿದ್ರು? ಏನು ತಿಂದೆ?" ಅಂತ ಕೇಳಿ. ಉತ್ತರದಲ್ಲಿ ಎಲ್ಲ ಬರುತ್ತೆ.

ಪ್ರತಿ ವಿಡಿಯೋಗೆ ತಾರೀಕು, ಜಾಗ, ಯಾರು ಅಂತ ಬರೆದಿಡಿ. ಇಪ್ಪತ್ತು ವರ್ಷ ಆದ್ಮೇಲೆ ನೋಡೋರಿಗೆ ಅದೇ ಆಸ್ತಿ.

ಎಡಿಟ್ ಆದ್ಮೇಲೆ ಅಪ್‌ಲೋಡ್ ಮಾಡೋಕೆ ಮುಂಚೆ ಟೀಮ್‌ಗೇ ಮೊದಲು ತೋರಿಸಿ. ಅವರು ತೆಗೀರಿ ಅಂದದ್ದನ್ನ ತೆಗೀರಿ. ಅದು ಅವರ ಜೀವನ, ನಿಮ್ಮ ಪೇಜ್ ಆಮೇಲೆ.

ಯೇಲ್ ಹುಡುಗೀರ ಕಥೆ ಸಿನಿಮಾ ಆಗೋಕೆ 23 ವರ್ಷ ಬೇಕಾಯ್ತು, ಯಾಕಂದ್ರೆ ಆಗ ಎಲ್ಲರ ಕೈಯಲ್ಲಿ ಕ್ಯಾಮೆರಾ ಇರಲಿಲ್ಲ. ನಮ್ಮ ಕ್ಲಾಸಲ್ಲಿ ಅರವತ್ತು ಜನ ಇದ್ದೀವಿ, ಅರವತ್ತು ಕ್ಯಾಮೆರಾ ಇದೆ. ಅವು ಇವತ್ತಿನ ತನಕ ಕೋಟೆ, ಮಂಜು, ಮ್ಯಾಗಿ, ಕಪ್ ತೆಗೆದಿವೆ. ಐದು ಗಂಟೆ ಬಸ್ಸನ್ನ ಒಂದು ಸಲಾನೂ ತೆಗೆದಿಲ್ಲ.

ನಾನು ಹುಡುಗೀರ ವಾಲಿಬಾಲ್ ಟೀಮಿಂದ ಶುರು ಮಾಡ್ತೀನಿ. ಟೀಮ್ ಒಪ್ಪಿದೆ, ಒಬ್ಬಳು ಮುಖ ಬೇಡ ಅಂದಿದ್ದಾಳೆ, ಅವಳ ದನಿ ಇರುತ್ತೆ. ಎಡಿಟಿಂಗ್ ಬರೋರು ಇಬ್ಬರು ಬೇಕು. ಆಲೂರು, ಮಗ್ಗೆ, ಕೆಂಚಮ್ಮನ ಹೊಸಕೋಟೆ ಕಡೆಯ ಟೀಮ್‌ಗಳನ್ನ ಅಲ್ಲಿನವರೇ ತೆಗೆದ್ರೆ ಇನ್ನೂ ಒಳ್ಳೇದು. ಬರೋರು ಕಾಮೆಂಟಲ್ಲಿ ನಿಮ್ಮ ಊರಿನ ಕೊನೇ ಬಸ್ ಟೈಮ್ ಬರೀರಿ. ಅದನ್ನೇ ಮೊದಲ ದಾಖಲೆ ಅಂದ್ಕೊಳ್ಳೋಣ.

#ಸಕಲೇಶಪುರ #ಆಲೂರು #ನಮ್ಮಟೀಮ್ #ಕೊನೇಬಸ್ #ಕನ್ನಡಸಾಕ್ಷ್ಯಚಿತ್ರ